ಧೂಳಿನ ನಾಡಿನಲ್ಲಿ ಸೈಕಲ್ ಚೈನ್: ಮೊದಲು ಒರೆಸಿ, ಆಮೇಲೆ ಎಣ್ಣೆ ಬಿಡಿ

ಸಂಡೂರು, ತೋರಣಗಲ್ಲು ಕಡೆಯ ರಸ್ತೆಯಲ್ಲಿ ದಿನವೂ ಓಡಾಡುವ ಸೈಕಲ್ಲಿನ ಚೈನನ್ನು ಎರಡು ಬೆರಳಿನಿಂದ ಹಿಡಿದು ಒಮ್ಮೆ ಎಳೆದು ನೋಡಿ. ಬೆರಳಿಗೆ ಹತ್ತುವುದು ಬರೀ ಕಪ್ಪು ಎಣ್ಣೆಯಲ್ಲ, ಕೆಂಪು ಬೆರೆತ ಕಂದು ಬಣ್ಣದ ದಪ್ಪ ಲೇಪ. ಆ ಕೆಂಪು ಅದಿರಿನ ಧೂಳಿನದು, ಅಂದರೆ ಹೆಮಟೈಟ್, ಕಬ್ಬಿಣದ ಆಕ್ಸೈಡ್. ಇದೇ ಆಕ್ಸೈಡನ್ನು ನುಣ್ಣಗೆ ಪುಡಿ ಮಾಡಿ ಚಿನ್ನಕ್ಕೂ ಗಾಜಿಗೂ ಮೆರುಗು ಕೊಡಲು ಬಳಸುತ್ತಾರೆ. ಮೆರುಗು ಕೊಡುವುದೆಂದರೆ ಮೇಲ್ಮೈಯನ್ನು ತೆಳುವಾಗಿ ಸವೆಸುತ್ತಾ ಹೋಗುವುದೇ. ಆ ಲೇಪ ಚೈನಿನ ಕೀಲುಗಳಲ್ಲಿ ಕುಳಿತರೆ ನೀವು ಪೆಡಲು ತುಳಿದಾಗಲೆಲ್ಲ ಅದು ಮಾಡುವ ಕೆಲಸವೂ ಅದೇ.

ನಮ್ಮ ಕಡೆ ಚೈನ್ ನೋಡಿಕೊಳ್ಳುವುದೆಂದರೆ ಎಣ್ಣೆ ಬಿಡುವುದು ಎಂದೇ ಎಲ್ಲರ ಲೆಕ್ಕ. ಕಿರ್‍ ಎಂದಿತೋ, ಡಬ್ಬಿ ತಂದು ಸುರಿದು, ಎರಡು ಸುತ್ತು ತಿರುಗಿಸಿ ಹೊರಡುವುದು. ಸದ್ದು ನಿಲ್ಲುತ್ತದೆ, ನಿಜ. ಆದರೆ ಮೇಲೆ ಕೂತಿದ್ದ ಧೂಳೆಲ್ಲ ಆ ಎಣ್ಣೆಯ ಜೊತೆಗೆ ಒಳಗಿಳಿಯುತ್ತದೆ. ಮಳೆ ಹೆಚ್ಚು, ಧೂಳು ಕಡಿಮೆ ಇರುವ ಮಲೆನಾಡಿನಲ್ಲಿ ಈ ಅಭ್ಯಾಸ ಅಷ್ಟು ಕೆಡುಕು ಮಾಡದಿರಬಹುದು. ಬಳ್ಳಾರಿ, ರಾಯಚೂರು, ಕೊಪ್ಪಳದಲ್ಲಿ ಮಾಡುತ್ತದೆ. ಇಲ್ಲಿ ಅದಿರಿನ ಧೂಳು, ಶಕ್ತಿನಗರ, ಕುಡತಿನಿ ಸುತ್ತಮುತ್ತ ಹಾರುಬೂದಿ, ಗಿಣಿಗೇರಿ ಕಡೆ ಕಾರ್ಖಾನೆಗಳ ಕಪ್ಪು ಮಸಿ, ಉಳಿದ ಕಡೆಯೆಲ್ಲ ಎರೆ ಮಣ್ಣು. ಹಾಗಾಗಿ ಈ ಲೇಖನದಲ್ಲಿ ಎಣ್ಣೆಗಿಂತ ಬಟ್ಟೆಯ ಮಾತೇ ಹೆಚ್ಚು ಬರುತ್ತದೆ.

ಎಣ್ಣೆ ಬೇಕಾದ ಜಾಗ ಯಾವುದು

ಇಂದಿನ ಸೈಕಲ್ ಚೈನಿನ ಮೂಲ ರೂಪ 1880ರಲ್ಲಿ ಹ್ಯಾನ್ಸ್ ರೆನಾಲ್ಡ್ ಎಂಬವರು ಇಂಗ್ಲೆಂಡಿನ ಮ್ಯಾಂಚೆಸ್ಟರಿನಲ್ಲಿ ರೂಪಿಸಿದ್ದು. ಒಂದು ಜೊತೆ ಹೊರಪಟ್ಟಿ, ಒಂದು ಜೊತೆ ಒಳಪಟ್ಟಿ, ಅವನ್ನು ಕೂಡಿಸುವ ಪಿನ್, ಪಿನ್ನಿನ ಸುತ್ತ ಬುಷ್ ಎಂಬ ಸಣ್ಣ ಕೊಳವೆ, ಅದರ ಮೇಲೆ ಸುಲಭವಾಗಿ ಉರುಳುವ ರೋಲರ್. ಪೆಡಲಿನ ಬಲವನ್ನೆಲ್ಲ ಹೊರುವುದು ಪಿನ್ನು ಬುಷ್ಷಿನೊಳಗೆ ತಿರುಗುವ ಜಾಗ. ಎಣ್ಣೆ ಇರಬೇಕಾದದ್ದು ಅಲ್ಲಿ. ಪಟ್ಟಿಗಳ ಹೊರಮೈಗೆ ತುಕ್ಕು ಹಿಡಿಯದಷ್ಟು ತೆಳು ಪಸೆ ಇದ್ದರೆ ಸಾಕು. ಅದಕ್ಕಿಂತ ಹೆಚ್ಚಾದ ಪ್ರತಿ ಹನಿಯೂ ಧೂಳನ್ನು ಹಿಡಿದಿಡುತ್ತದೆ. ಚೈನಿಗೆ ಗ್ರೀಸ್ ಮೆತ್ತಬೇಡಿ ಎನ್ನುವುದೂ ಇದಕ್ಕೇ. ಗ್ರೀಸ್ ಒಳಗೆ ಇಳಿಯುವುದಿಲ್ಲ, ಹೊರಗಷ್ಟೇ ನಿಂತು ಮಣ್ಣು ಕೂಡಿಸಿಕೊಳ್ಳುತ್ತದೆ.

ಸಾಮಾನು

ಹೆಚ್ಚೇನೂ ಬೇಡ. ಹಳೆಯ ಬನಿಯನ್ ಬಟ್ಟೆ, ಸವೆದ ಹಲ್ಲುಜ್ಜುವ ಬ್ರಷ್ ಎರಡು, ಕಾಲು ಲೀಟರ್ ಡೀಸೆಲ್, ಬಟ್ಟೆ ಸೋಪಿನ ಪುಡಿ, ಮೂತಿ ಸಣ್ಣದಿರುವ ಎಣ್ಣೆ ಡಬ್ಬಿ, ಕಟಿಂಗ್ ಪ್ಲೇಯರ್, ಹಿಂದಿನ ಚಕ್ರದ ನಟ್ಟಿಗೆ ಹೊಂದುವ ಪಾನಾ, ಮಿಲಿಮೀಟರ್ ಗೆರೆ ಇರುವ 30 ಸೆಂಟಿಮೀಟರಿನ ಸ್ಟೀಲ್ ಸ್ಕೇಲ್. ಬಳ್ಳಾರಿಯಲ್ಲಿ ಜೀನ್ಸ್ ಹೊಲಿಯುವ ಮನೆಗಳಿಗೆ ಬರವಿಲ್ಲ, ತುಂಡು ಬಟ್ಟೆ ಧಾರಾಳವಾಗಿ ಸಿಗುತ್ತದೆ. ಜೀನ್ಸ್ ತುಂಡು ಗಟ್ಟಿ, ಚೈನನ್ನು ಬಿಗಿಯಾಗಿ ಹಿಡಿದು ಒರೆಸಲು ಒಳ್ಳೆಯದು. ಆದರೆ ಕತ್ತರಿಸಿದ ಅಂಚಿನಿಂದ ಬಿಳಿ ಎಳೆಗಳು ಬಿಚ್ಚಿಕೊಂಡು ಕೊಂಡಿಗಳ ಸಂದಿನಲ್ಲಿ ಸಿಕ್ಕಿಕೊಳ್ಳುತ್ತವೆ. ಅಂಚನ್ನು ಒಳಕ್ಕೆ ಮಡಿಸಿಯೇ ಹಿಡಿಯಬೇಕು. ಕೊನೆಯ ಒರೆಸುವಿಕೆಗೆ ಮಾತ್ರ ಬನಿಯನ್ ಬಟ್ಟೆಯೇ ಸರಿ.

ಪೆಟ್ರೋಲನ್ನು ಈ ಕೆಲಸಕ್ಕೆ ತರಲೇಬೇಡಿ. ಅದರ ಆವಿ ಬೆಂಕಿಯನ್ನು ದೂರದಿಂದಲೇ ಸೆಳೆದುಕೊಳ್ಳುತ್ತದೆ. ಡೀಸೆಲ್ಲನ್ನು ಕೂಡ ಒಲೆ, ಬೀಡಿ, ದೀಪದಿಂದ ದೂರವಿಟ್ಟು ಅಂಗಳದಲ್ಲಿಯೇ ಬಳಸಿ. ಇನ್ನೊಂದು ಮಾತನ್ನು ಒತ್ತಿ ಹೇಳಬೇಕು: ಡೀಸೆಲ್ಲನ್ನಾಗಲಿ ಸೀಮೆಎಣ್ಣೆಯನ್ನಾಗಲಿ ನೀರಿನ ಬಾಟಲಿಯಲ್ಲಿ, ತಂಪು ಪಾನೀಯದ ಬಾಟಲಿಯಲ್ಲಿ ಇಡಬೇಡಿ. ಬೇಸಿಗೆಯಲ್ಲಿ ಬಾಯಾರಿ ಬಂದ ಮಗು ಎತ್ತಿ ಕುಡಿದುಬಿಡುತ್ತದೆ. ಎಂಜಿನ್ ಆಯಿಲ್‌ನ ಖಾಲಿ ಡಬ್ಬಿ ಸಿಕ್ಕರೆ ಅದನ್ನೇ ಇಟ್ಟುಕೊಳ್ಳಿ.

ವಾರಕ್ಕೊಮ್ಮೆ: ಒಣ ಬಟ್ಟೆಯ ಕೆಲಸ

ಇಡೀ ಲೇಖನದಲ್ಲಿ ಒಂದನ್ನೇ ಪಾಲಿಸುವುದಾದರೆ ಇದನ್ನು ಪಾಲಿಸಿ. ಐದು ನಿಮಿಷವೂ ಬೇಡ.

ಸೈಕಲ್ಲನ್ನು ಸ್ಟ್ಯಾಂಡಿಗೆ ಹಾಕಿ ಹಿಂದಿನ ಚಕ್ರ ನೆಲದಿಂದ ಎದ್ದಿರಲಿ. ಸೈಡ್ ಸ್ಟ್ಯಾಂಡ್ ಮಾತ್ರ ಇದ್ದರೆ ಗೋಡೆಗೆ ಒರಗಿಸಿದರೂ ನಡೆಯುತ್ತದೆ, ಏಕೆಂದರೆ ಪೆಡಲನ್ನು ಹಿಂದಕ್ಕೆ ತಿರುಗಿಸಿದರೆ ಚೈನ್ ಓಡುತ್ತದೆ, ಚಕ್ರ ತಿರುಗುವುದಿಲ್ಲ. ಚೈನಿನ ಕೆಳಸಾಲನ್ನು ಮಡಿಸಿದ ಬಟ್ಟೆಯೊಳಗೆ ಹಿಡಿದು, ಇನ್ನೊಂದು ಕೈಯಿಂದ ಪೆಡಲನ್ನು ನಿಧಾನವಾಗಿ ಹಿಂದಕ್ಕೆ ತಿರುಗಿಸಿ. ಬಟ್ಟೆ ಹಿಡಿದ ಕೈ ಎರಡೂ ಹಲ್ಲುಚಕ್ರಗಳ ನಡುವೆ ಇರಬೇಕು, ಯಾವುದೇ ಹಲ್ಲಿನ ಹತ್ತಿರ ಹೋಗಬಾರದು. ಚೈನಿಗೂ ಹಲ್ಲಿಗೂ ನಡುವೆ ಬೆರಳು ಸಿಕ್ಕರೆ ತುದಿಯೇ ಹೋಗುತ್ತದೆ. ಮಕ್ಕಳು ಪಕ್ಕದಲ್ಲಿ ನೋಡುತ್ತಿದ್ದರೆ ಪೆಡಲನ್ನು ಅವರ ಕೈಗೆ ಕೊಡಬೇಡಿ.

ಬಟ್ಟೆಯ ಜಾಗ ಬದಲಿಸುತ್ತಾ, ಹೊಸ ಜಾಗಕ್ಕೆ ಹತ್ತುವ ಕೊಳೆ ತಿಳಿಯಾಗುವವರೆಗೆ ಒರೆಸಿ. ನಾಲ್ಕೂ ಬದಿ ಒರೆಸಬೇಕು: ಎಡ, ಬಲ, ಮೇಲೆ, ಕೆಳಗೆ. ಹಲ್ಲುಗಳ ಬುಡದಲ್ಲಿ, ಅದರಲ್ಲೂ ಹಿಂದಿನ ಫ್ರೀವೀಲಿನ ಹಲ್ಲುಗಳ ನಡುವೆ ಗಟ್ಟಿಯಾದ ಮಡ್ಡಿ ಕೂತಿರುತ್ತದೆ. ಅದನ್ನು ಬಿದಿರ ಕಡ್ಡಿಯಿಂದ ಕೆರೆದು ತೆಗೆಯಿರಿ. ಇಷ್ಟಾದ ಮೇಲೂ ಚೈನ್ ಸದ್ದು ಮಾಡುತ್ತಿದ್ದರೆ ಮಾತ್ರ ಎಣ್ಣೆಯ ಮಾತು.

ಅದಿರಿನ ಸೀಮೆಯವರಿಗೆ ಒಂದು ಗೊಂದಲ ಸಹಜ. ಚೈನ್ ಕೆಂಪಗೆ ಕಂಡರೆ ಅದು ಧೂಳೋ ತುಕ್ಕೋ? ಎರಡೂ ಕಬ್ಬಿಣದ ಆಕ್ಸೈಡೇ, ದೂರದಿಂದ ಬಣ್ಣ ನೋಡಿ ಹೇಳಲಾಗುವುದಿಲ್ಲ. ಬಟ್ಟೆಗೆ ಎರಡು ಹನಿ ಎಣ್ಣೆ ಹಾಕಿ ಒಂದು ಕೊಂಡಿಯ ಹೊರಪಟ್ಟಿಯನ್ನು ಉಜ್ಜಿ. ಧೂಳಾದರೆ ಬಟ್ಟೆಗೆ ಬಂದು ಪಟ್ಟಿ ಹೊಳೆಯುತ್ತದೆ. ತುಕ್ಕಾದರೆ ಬಟ್ಟೆ ಕೆಂಪಾದರೂ ಪಟ್ಟಿಯ ಮೇಲೆ ಸಣ್ಣ ಸಣ್ಣ ಕುಳಿ ಉಳಿದಿರುತ್ತದೆ, ಉಗುರಿಗೆ ಒರಟಾಗಿ ತಗಲುತ್ತದೆ. ಮೇಲ್ಮೈಯ ತೆಳು ತುಕ್ಕಿಗೆ ಎಣ್ಣೆ ಹಚ್ಚಿ ಉಜ್ಜಿದರೆ ಸಾಕು. ತಾಮ್ರ ಹಿತ್ತಾಳೆಗೆ ಹಚ್ಚುವ ಹಾಗೆ ಹುಣಸೆಹುಳಿಯನ್ನೋ ನಿಂಬೆರಸವನ್ನೋ ಚೈನಿಗೆ ಹಚ್ಚಬೇಡಿ, ಬಚ್ಚಲು ತೊಳೆಯುವ ಆಸಿಡ್ಡಂತೂ ಬೇಡವೇ ಬೇಡ. ಗಟ್ಟಿ ಉಕ್ಕು ಆಸಿಡ್ ತಗುಲಿದರೆ ಪೆಡಸಾಗುತ್ತದೆ, ಮೇಲ್ನೋಟಕ್ಕೆ ಹೊಳೆಯುವ ಕೊಂಡಿ ತುಳಿತದ ನಡುವೆ ಫಟ್ಟನೆ ತುಂಡಾಗಬಹುದು.

ಬಿಚ್ಚಿ ತೊಳೆಯುವುದು

ಬಟ್ಟೆಗೆ ಬಗ್ಗದ ಮಡ್ಡಿ ಕಟ್ಟಿದಾಗ, ವರ್ಷಕ್ಕೆ ಎರಡು ಮೂರು ಬಾರಿಯಾದರೂ, ಚೈನನ್ನು ಬಿಚ್ಚಿ ತೊಳೆಯುವುದು ಒಳ್ಳೆಯದು. ಗೇರ್ ಇಲ್ಲದ ಸೈಕಲ್ಲಿನಲ್ಲಿ ಇದು ಸುಲಭ.

ಪೂರ್ತಿ ಚೈನ್ ಕವರ್ ಇದ್ದರೆ ಮೊದಲು ಅದರ ಹಿಂದಿನ ತುಂಡನ್ನು ಸ್ಕ್ರೂ ಬಿಚ್ಚಿ ತೆಗೆಯಿರಿ. ಪೆಡಲನ್ನು ನಿಧಾನವಾಗಿ ತಿರುಗಿಸುತ್ತಾ ಚೈನ್ ಲಾಕ್ ಹುಡುಕಿ. ಉಳಿದ ಕೊಂಡಿಗಳಿಗಿಂತ ಬೇರೆಯಾಗಿ, ಹೊರಮೈಯಲ್ಲಿ ಸೀಳಿರುವ ತೆಳು ತಗಡಿನ ಕ್ಲಿಪ್ ಇರುವ ಕೊಂಡಿ ಅದು. ಬಿಚ್ಚುವ ಮೊದಲು ಮೊಬೈಲಿನಲ್ಲಿ ಒಂದು ಫೋಟೋ ತೆಗೆದಿಟ್ಟುಕೊಳ್ಳಿ. ಪ್ಲೇಯರ್‌ನ ಒಂದು ದವಡೆಯನ್ನು ಕ್ಲಿಪ್ಪಿನ ತೆರೆದ ತುದಿಗೂ ಇನ್ನೊಂದನ್ನು ಪಕ್ಕದ ಪಿನ್ನಿನ ತಲೆಗೂ ಕೊಟ್ಟು ಮೆಲ್ಲಗೆ ಒತ್ತಿದರೆ ಕ್ಲಿಪ್ ಜಾರಿ ಬರುತ್ತದೆ. ಅದು ಹಾರಿ ಮಣ್ಣಿನಲ್ಲಿ ಬಿದ್ದರೆ ಸಿಗುವುದು ಕಷ್ಟ. ಇನ್ನೊಂದು ಕೈಯನ್ನು ಅಡ್ಡ ಹಿಡಿದಿರಿ, ಕ್ಲಿಪ್, ಪಟ್ಟಿ, ಎರಡು ಪಿನ್ನಿನ ತುಂಡು ಮೂರನ್ನೂ ಒಂದು ಮುಚ್ಚಳದಲ್ಲಿ ಇಡಿ.

ಚೈನನ್ನು ಡಬ್ಬಿಗೆ ಇಳಿಸಿ, ಮುಳುಗುವಷ್ಟು ಡೀಸೆಲ್ ಹಾಕಿ, ಅರ್ಧ ಗಂಟೆ ನೆನೆಯಲು ಬಿಟ್ಟು, ಮುಚ್ಚಳ ಬಿಗಿದು ಚೆನ್ನಾಗಿ ಕುಲುಕಿ. ಹೊರಗೆ ತೆಗೆದು ಬ್ರಷ್ಷಿನಿಂದ ಪ್ರತಿ ರೋಲರಿನ ಎರಡೂ ಬದಿ ಉಜ್ಜಿ. ಡೀಸೆಲ್ ತಾನಾಗಿ ಬೇಗ ಆರುವುದಿಲ್ಲ, ಒಳಗೆ ಉಳಿದರೆ ಹೊಸ ಎಣ್ಣೆಯನ್ನು ತೆಳು ಮಾಡುತ್ತದೆ. ಆದ್ದರಿಂದ ಬಿಸಿ ನೀರಿಗೆ ಸೋಪಿನ ಪುಡಿ ಹಾಕಿ ಅದರಲ್ಲಿ ಒಮ್ಮೆ, ಬರೀ ನೀರಿನಲ್ಲಿ ಒಮ್ಮೆ ತೊಳೆದು, ಬಟ್ಟೆಯಲ್ಲಿ ಒತ್ತಿ ಒರೆಸಿ ಬಿಸಿಲಿಗೆ ಹಾಕಿ. ನಮ್ಮ ಬಿಸಿಲಿನ ಉಪಕಾರ ಇಲ್ಲಿದೆ: ಮಾರ್ಚಿನಿಂದ ಮೇ ತನಕ ಬಂಡೆಯ ಮೇಲೆ ಹರಡಿದ ಚೈನ್ ಸ್ವಲ್ಪ ಹೊತ್ತಿಗೇ ಒಳಗಿನವರೆಗೆ ಒಣಗುತ್ತದೆ. ಒಣಗಿದ ತಕ್ಷಣ ಎಣ್ಣೆ ಬಿಡಬೇಕು. ಎಣ್ಣೆ ತೊಳೆದುಹೋದ ಉಕ್ಕನ್ನು ರಾತ್ರಿಯಿಡೀ ಹಾಗೇ ಬಿಟ್ಟರೆ ಬೆಳಗ್ಗೆ ತುಕ್ಕು ಕಾಣಿಸಿಕೊಳ್ಳುತ್ತದೆ.

ಕೊಳೆಯಾದ ಡೀಸೆಲ್ಲನ್ನು ಚರಂಡಿಗೋ ಕಾಲುವೆಗೋ ಸುರಿಯಬೇಡಿ. ಆ ಕಾಲುವೆಯ ನೀರೇ ಮುಂದೆ ಗದ್ದೆಗೂ ದನಗಳ ಬಾಯಿಗೂ ಹೋಗುವುದು. ಡಬ್ಬಿಯನ್ನು ಎರಡು ದಿನ ಅಲುಗಿಸದೆ ಇಟ್ಟರೆ ಮಣ್ಣೆಲ್ಲ ತಳಕ್ಕೆ ಇಳಿಯುತ್ತದೆ, ಮೇಲಿನ ತಿಳಿಯನ್ನು ಬಸಿದುಕೊಂಡು ಮುಂದಿನ ಬಾರಿಗೆ ಬಳಸಬಹುದು. ಕೈಗೆ ಮೊದಲೇ ಕೊಬ್ಬರಿ ಎಣ್ಣೆ ಸವರಿಕೊಂಡಿದ್ದರೆ ಕಪ್ಪು ಚರ್ಮದ ಗೆರೆಗಳಿಗೆ ಇಳಿಯುವುದಿಲ್ಲ, ಸೋಪಿಗೆ ಸುಲಭವಾಗಿ ಬಿಡುತ್ತದೆ.

ಮರಳಿ ಜೋಡಿಸುವಾಗ ಚೈನಿನ ಎರಡು ತುದಿಗಳನ್ನು ಗಾಳಿಯಲ್ಲಿ ಹಿಡಿದು ಒದ್ದಾಡಬೇಡಿ. ಎರಡೂ ತುದಿಗಳನ್ನು ಮುಂದಿನ ಹಲ್ಲುಚಕ್ರದ ಅಕ್ಕಪಕ್ಕದ ಹಲ್ಲುಗಳ ಮೇಲೆ ಕೂರಿಸಿ. ಹಲ್ಲುಗಳೇ ಸರಿಯಾದ ಅಂತರದಲ್ಲಿ ಹಿಡಿದುಕೊಳ್ಳುತ್ತವೆ, ಲಾಕ್ ತಾನಾಗಿ ಕೂರುತ್ತದೆ. ಕ್ಲಿಪ್ಪಿನ ಮುಚ್ಚಿದ ದುಂಡು ತುದಿ ಚೈನ್ ಓಡುವ ದಿಕ್ಕಿಗೆ ಇರಬೇಕು, ಅಂದರೆ ಮೇಲಿನ ಸಾಲಿನಲ್ಲಿ ನೋಡಿದಾಗ ಮುಂದಿನ ಚಕ್ರದ ಕಡೆಗೆ. ತೆರೆದ ತುದಿ ಮುಂದಿದ್ದರೆ ಕವರಿಗೋ ಕಡ್ಡಿಗೋ ತಗುಲಿ ಕಳಚಿಕೊಳ್ಳುತ್ತದೆ.

ಗೇರ್ ಸೈಕಲ್ಲಿನ ಚೈನಿನಲ್ಲಿ ಈ ಕ್ಲಿಪ್ ಇರುವುದಿಲ್ಲ. ಕೈಯಿಂದ ಬಿಚ್ಚುವ ಲಾಕ್ ಇದ್ದರೆ ಸರಿ, ಇಲ್ಲವಾದರೆ ಪಿನ್ ಹೊಡೆದು ತೆಗೆಯುವ ಸಾಹಸ ಬೇಡ. ಸೈಕಲ್ಲಿನ ಮೇಲೆಯೇ ಬ್ರಷ್ಷು ಬಟ್ಟೆಯಿಂದ ಸ್ವಚ್ಛ ಮಾಡಿ. ಡೀಸೆಲ್ ಟೈರಿನ ಮೇಲೆ, ಬ್ರೇಕ್ ಹಿಡಿಯುವ ರಿಮ್ಮಿನ ಮೇಲೆ ಚಿಮ್ಮದಂತೆ ರಟ್ಟನ್ನು ಅಡ್ಡ ಹಿಡಿಯಿರಿ. ಚಿಮ್ಮಿದರೆ ಸೋಪಿನ ನೀರಿನಿಂದ ಕೂಡಲೇ ತೊಳೆಯಿರಿ, ಇಲ್ಲದಿದ್ದರೆ ಬ್ರೇಕ್ ಜಾರುತ್ತದೆ. ಬೈಕ್ ತೊಳೆಯುವ ಅಂಗಡಿಯ ಜೋರು ನೀರಿಗೆ ಸೈಕಲ್ ಒಡ್ಡುವುದೂ ಬೇಡ. ಆ ರಭಸಕ್ಕೆ ನೀರು ಹಬ್ಬಿನ, ಫ್ರೀವೀಲಿನ ಗುಂಡುಗಳವರೆಗೂ ನುಗ್ಗುತ್ತದೆ.

ಯಾವ ಎಣ್ಣೆ, ಎಷ್ಟು

ಬೇಸಿಗೆಯ ಒಣ ಧೂಳಿಗೆ ಹೊಲಿಗೆ ಯಂತ್ರದ ಎಣ್ಣೆ ನನ್ನ ಮೊದಲ ಆಯ್ಕೆ. ತೆಳುವಾಗಿರುವುದರಿಂದ ಕೀಲಿನೊಳಗೆ ಬೇಗ ಇಳಿಯುತ್ತದೆ, ಹೊರಗೆ ಅಂಟು ಉಳಿಯುವುದಿಲ್ಲ. ಬೇಗ ಆರುತ್ತದೆ ಎನ್ನುವುದು ನಿಜ. ಹದಿನೈದು ದಿನಕ್ಕೊಮ್ಮೆ ಮತ್ತೆ ಬಿಟ್ಟರಾಯಿತು. ಮಳೆಗಾಲಕ್ಕೆ, ಗದ್ದೆಯ ದಾರಿಗೆ ಬೈಕಿಗೆ ಹಾಕುವ ಹೊಸ 20ಡಬ್ಲ್ಯೂ-40 ಎಂಜಿನ್ ಆಯಿಲ್ ಉತ್ತಮ, ನೀರಿಗೆ ಬೇಗ ಬಿಟ್ಟುಹೋಗುವುದಿಲ್ಲ. ಗ್ಯಾರೇಜಿನಲ್ಲಿ ಬಸಿದ ಕಪ್ಪು ಎಣ್ಣೆಯನ್ನು ಪುಕ್ಕಟೆ ಸಿಗುತ್ತದೆಂದು ತರಬೇಡಿ. ಅದರಲ್ಲಿ ಲೋಹದ ಸವೆತದ ಪುಡಿ, ಮಸಿ ಎಲ್ಲ ಸೇರಿರುತ್ತದೆ, ಅದು ಕೈಗೂ ಒಳ್ಳೆಯದಲ್ಲ. ಅಡುಗೆಯ ಶೇಂಗಾ ಎಣ್ಣೆ, ಸೂರ್ಯಕಾಂತಿ ಎಣ್ಣೆಗಳು ಗಾಳಿಗೆ ಅಂಟಾಗುತ್ತವೆ. ಕೆಲವೇ ದಿನದಲ್ಲಿ ಚೈನ್ ಜಿಗುಟು ಹಿಡಿಯುತ್ತದೆ. ಡಬ್ಲ್ಯೂಡಿ-40ರ ಮೂಲ ಸ್ಪ್ರೇ ತುಕ್ಕು ಸಡಿಲಿಸಲು, ಕೊಳೆ ಬಿಡಿಸಲು ಸರಿ. ಅದೊಂದನ್ನೇ ಎಣ್ಣೆ ಎಂದು ನಂಬಿದರೆ ಬೇಗನೆ ಚೈನ್ ಮತ್ತೆ ಒಣಗಿರುತ್ತದೆ.

ಈಗ ಹಾಕುವ ರೀತಿ. ಕೆಳಸಾಲಿನ ಒಳಮೈಗೆ, ಅಂದರೆ ಹಲ್ಲನ್ನು ಮುಟ್ಟುವ ಬದಿಗೆ, ಪ್ರತಿ ರೋಲರಿಗೆ ಒಂದೇ ಹನಿ. ಲಾಕ್ ಇರುವ ಕೊಂಡಿಯಿಂದ ಶುರು ಮಾಡಿದರೆ ಒಂದು ಸುತ್ತು ಮುಗಿದದ್ದು ಗೊತ್ತಾಗುತ್ತದೆ. ನೂರಕ್ಕೂ ಹೆಚ್ಚು ಕೊಂಡಿಗಳಿರುತ್ತವೆ, ತಾಳ್ಮೆ ಬೇಕು. ಸುತ್ತು ಮುಗಿದ ಮೇಲೆ ಪೆಡಲನ್ನು ಹಿಂದಕ್ಕೆ ಒಂದು ನಿಮಿಷ ತಿರುಗಿಸಿ, ಹತ್ತು ನಿಮಿಷ ಹಾಗೇ ಬಿಡಿ. ಎಣ್ಣೆ ಒಳಗಿಳಿಯಲು ಅಷ್ಟು ಹೊತ್ತು ಬೇಕು. ಆಮೇಲೆ ಬನಿಯನ್ ಬಟ್ಟೆಯಲ್ಲಿ ಹೊರಗಿನ ಎಣ್ಣೆಯನ್ನೆಲ್ಲ ಒರೆಸಿ ತೆಗೆಯಿರಿ. ಇಷ್ಟು ಎಣ್ಣೆ ಹಾಕಿ ಒರೆಸುವುದೇಕೆ ಎಂದು ಮನಸ್ಸು ಹಿಂಜರಿಯುತ್ತದೆ. ಒಳಗಿಳಿದ ಎಣ್ಣೆಯನ್ನು ಬಟ್ಟೆ ಎಳೆಯಲಾರದು, ಹೊರಗಿನದನ್ನಷ್ಟೇ ತೆಗೆಯುತ್ತದೆ. ಒರೆಸಿದ ಮೇಲೆ ಚೈನನ್ನು ಮುಟ್ಟಿದರೆ ಬೆರಳು ಮಿನುಗಬೇಕು, ಹಸಿಯಾಗಬಾರದು. ಈ ಕೆಲಸವನ್ನು ರಾತ್ರಿ ಮಾಡಿ ಬೆಳಗ್ಗೆ ಹೊರಡುವ ಮುಂಚೆ ಇನ್ನೊಮ್ಮೆ ಒರೆಸಿದರೆ ಇನ್ನೂ ಒಳ್ಳೆಯದು.

ಎಣ್ಣೆಯ ಬದಲು ಕರಗಿಸಿದ ಪ್ಯಾರಾಫಿನ್ ಮೇಣದಲ್ಲಿ ಚೈನನ್ನು ಅದ್ದುವವರೂ ಇದ್ದಾರೆ. ಒಣ ಧೂಳಿನ ಊರಿಗೆ ಅದಕ್ಕಿಂತ ಒಳ್ಳೆಯ ಉಪಾಯವಿಲ್ಲ, ಏಕೆಂದರೆ ಗಟ್ಟಿಯಾದ ಮೇಣಕ್ಕೆ ಧೂಳು ಅಂಟುವುದಿಲ್ಲ. ಆದರೆ ಚೈನಿನಲ್ಲಿ ಎಣ್ಣೆಯ ಪಸೆಯೇ ಇರಬಾರದು, ಮೇಣವನ್ನು ನೇರ ಉರಿಯ ಮೇಲಿಡದೆ ಕುದಿಯುವ ನೀರಿನ ಪಾತ್ರೆಯೊಳಗೆ ಇನ್ನೊಂದು ಪಾತ್ರೆ ಇಟ್ಟು ಕರಗಿಸಬೇಕು, ಒಂದು ಮಳೆಯಲ್ಲಿ ನೆನೆದರೆ ಮತ್ತೆ ಅದ್ದಬೇಕು. ದಿನವೂ ಶಾಲೆಗೆ, ಕೆಲಸಕ್ಕೆ ಹೋಗುವ ಸೈಕಲ್ಲಿಗೆ ಎಣ್ಣೆಯೇ ಸಲೀಸು.

ಎರೆ ನೆಲ, ಗದ್ದೆ ಕೆಸರು

ತುಂಗಭದ್ರಾ ಕಾಲುವೆಗೆ ನೀರು ಬಿಟ್ಟು ನಾಟಿ ಶುರುವಾದರೆ ಗಂಗಾವತಿ, ಕಾರಟಗಿ, ಸಿಂಧನೂರು, ಸಿರುಗುಪ್ಪ ಕಡೆಯ ಸೈಕಲ್ಲುಗಳ ಕಷ್ಟ ಬೇರೆ. ಎರೆ ಮಣ್ಣು ನೀರು ಕುಡಿದು ಉಬ್ಬುತ್ತದೆ, ಒಣಗಿದರೆ ಕುಗ್ಗಿ ಕಲ್ಲಾಗುತ್ತದೆ. ಒಣಗಿದ ಮೇಲೆ ಚೈನಿನಿಂದ ಅದನ್ನು ಬಿಡಿಸುವುದು ದೊಡ್ಡ ಕೆಲಸ, ಕೆರೆದಷ್ಟೂ ಪುಡಿ ಒಳಗೆ ಹೋಗುತ್ತದೆ. ಆದ್ದರಿಂದ ಗದ್ದೆಯಿಂದ ಬಂದ ಸಂಜೆಯೇ, ಮಣ್ಣು ಹಸಿಯಿರುವಾಗಲೇ, ಒಂದೆರಡು ತಂಬಿಗೆ ನೀರು ಮೇಲಿನಿಂದ ಮೆಲ್ಲಗೆ ಸುರಿದು ತೊಳೆದುಬಿಡಿ. ಬಟ್ಟೆಯಿಂದ ಒರೆಸಿ, ನೀರು ಆರಿದ ಮೇಲೆ ಎಣ್ಣೆ. ಈ ಕಾಲದಲ್ಲಿ ವಾರದ ಲೆಕ್ಕ ನಡೆಯುವುದಿಲ್ಲ, ನೆನೆದ ದಿನವೆಲ್ಲ ಒರೆಸಬೇಕು. ನೀರಾವರಿ ಪ್ರದೇಶದಲ್ಲಿ ಸವುಳು ಏರಿದ ಹೊಲಗಳ ದಾರಿಯಾದರೆ ಇನ್ನೂ ಎಚ್ಚರ, ಉಪ್ಪು ಬೆರೆತ ಕೆಸರು ತುಕ್ಕನ್ನು ಬೇಗ ತರುತ್ತದೆ.

ಮುಂದಿನ ಮಡ್‌ಗಾರ್ಡಿನ ಕೆಳತುದಿಗೆ ಹಳೆಯ ಟ್ಯೂಬಿನ ಅಂಗೈಯಗಲದ ತುಂಡನ್ನು ಕತ್ತರಿಸಿ ಬೋಲ್ಟ್ ಹಾಕಿ ಇಳಿಬಿಡಿ. ಮುಂಚಕ್ರ ಎರಚುವ ಕೆಸರು ನೇರವಾಗಿ ಹಲ್ಲುಚಕ್ರಕ್ಕೆ ಬೀಳುವುದನ್ನು ಇದು ತಡೆಯುತ್ತದೆ. ಚೈನ್ ಕವರ್ ಕಡಕಡ ಎನ್ನುತ್ತದೆಂದು ಕಿತ್ತೆಸೆಯುವವರು ಬಹಳ. ದಯವಿಟ್ಟು ಕೀಳಬೇಡಿ. ಬಾಗಿರುವ ಕಡೆ ಕೈಯಿಂದ ಒತ್ತಿ ಸರಿ ಮಾಡಿ, ಸ್ಕ್ರೂ ಬಿಗಿ ಮಾಡಿ. ಧೂಳನ್ನೂ ತಡೆಯುತ್ತದೆ, ಪಂಚೆ, ಚೂಡಿದಾರ ಸಿಕ್ಕಿಕೊಳ್ಳುವುದನ್ನೂ ತಡೆಯುತ್ತದೆ.

ಬಿಗಿ ನೋಡುವುದು

ಗೇರ್ ಇಲ್ಲದ ಸೈಕಲ್ಲಿನಲ್ಲಿ ಎರಡು ಹಲ್ಲುಚಕ್ರಗಳ ನಡುವೆ ಚೈನನ್ನು ಬೆರಳಿನಿಂದ ಮೇಲೆ ಕೆಳಗೆ ಆಡಿಸಿದರೆ ಒಟ್ಟು ಅರ್ಧ ಇಂಚಿನಷ್ಟು ಆಡಬೇಕು. ಹೆಚ್ಚು ಸಡಿಲವಾದರೆ ಕಳಚುತ್ತದೆ, ಹೆಚ್ಚು ಬಿಗಿಯಾದರೆ ತುಳಿಯಲು ಭಾರ, ಬೇರಿಂಗಿಗೂ ಪೆಟ್ಟು. ಹಿಂದಿನ ಚಕ್ರದ ಎರಡೂ ನಟ್ಟು ಸಡಿಲಿಸಿ, ಚಕ್ರವನ್ನು ಹಿಂದಕ್ಕೆ ಎಳೆದು, ರಿಮ್ಮು ಎರಡು ಬದಿಯ ಕೊಳವೆಗಳ ನಡುವೆ ಸಮನಾಗಿ ನಿಂತಿದೆಯೇ ನೋಡಿ ಬಿಗಿ ಮಾಡಿ. ಆಮೇಲೆ ಪೆಡಲನ್ನು ಒಂದು ಪೂರ್ತಿ ಸುತ್ತು ತಿರುಗಿಸಿ ನೋಡಬೇಕು. ಹಲ್ಲುಚಕ್ರ ಪೂರ್ತಿ ದುಂಡಗಿರದಿದ್ದರೆ ಒಂದು ಕಡೆ ಬಿಗಿ, ಒಂದು ಕಡೆ ಸಡಿಲ ಬರುತ್ತದೆ. ಅತಿ ಬಿಗಿಯಾದ ಜಾಗದಲ್ಲಿ ಅರ್ಧ ಇಂಚು ಇರಲಿ.

ಸವೆತ ಅಳೆಯುವುದು

ಸರ್ಕಾರ 2006-07ರಿಂದ ಎಂಟನೇ ತರಗತಿಯ ಮಕ್ಕಳಿಗೆ ಕೊಟ್ಟ ಸೈಕಲ್ಲುಗಳು ಇಂದಿಗೂ ನಮ್ಮ ಹಳ್ಳಿಗಳಲ್ಲಿ ಓಡುತ್ತಿವೆ. ಅಕ್ಕನಿಂದ ತಮ್ಮನಿಗೆ, ಆಮೇಲೆ ಹೊಲಕ್ಕೆ ಹೋಗುವ ಅಪ್ಪನಿಗೆ ಬಂದಿರುತ್ತವೆ. ಅಂಥ ಸೈಕಲ್ಲಿನಲ್ಲಿ ಒರೆಸಿ, ಎಣ್ಣೆ ಬಿಟ್ಟು, ಬಿಗಿ ಮಾಡಿದರೂ ಚೈನ್ ಪದೇ ಪದೇ ಕಳಚುತ್ತಿದ್ದರೆ ಅದು ಸವೆದಿರಬಹುದು. ಚೈನ್ ಎಳೆದುಹೋಗಿದೆ ಎನ್ನುತ್ತೇವೆ, ಪಟ್ಟಿಗಳು ಎಳೆದಿರುವುದಿಲ್ಲ. ಪಿನ್ನೂ ಬುಷ್ಷೂ ತುಸು ತುಸು ತೇಯ್ದು ಪ್ರತಿ ಕೊಂಡಿ ಉದ್ದವಾಗಿರುತ್ತದೆ.

ಅಳತೆ ಸುಲಭ. ಎರಡು ಪಿನ್ನುಗಳ ನಡುವಿನ ಅಂತರ ಅರ್ಧ ಇಂಚು. ಚೈನ್ ಬಿಗಿಯಾಗಿರುವಾಗ ಸ್ಕೇಲಿನ ಸೊನ್ನೆಯನ್ನು ಒಂದು ಪಿನ್ನಿನ ಎಡ ಅಂಚಿಗೆ ಹಿಡಿದು, ಅದನ್ನೂ ಸೇರಿಸಿ ಎಣಿಸುತ್ತಾ ಇಪ್ಪತ್ತೊಂದನೆಯ ಪಿನ್ನಿನ ಎಡ ಅಂಚು ಎಲ್ಲಿ ಬಂದಿದೆ ನೋಡಿ. ಹೊಸ ಚೈನಿನಲ್ಲಿ ಅದು 254 ಮಿಲಿಮೀಟರ್. 256 ದಾಟಿದ್ದರೆ ಚೈನ್ ಬದಲಿಸುವ ಕಾಲ ಬಂದಿದೆ. ಗೇರ್ ಸೈಕಲ್ಲಿಗೆ 255 ದಾಟುತ್ತಿದ್ದಂತೆಯೇ ಬದಲಿಸಿದರೆ ಹಲ್ಲುಚಕ್ರಗಳು ಉಳಿಯುತ್ತವೆ. ದರ್ಜಿಯ ಟೇಪಿನಲ್ಲಿ ಅಳೆಯಬೇಡಿ, ಅದು ತಾನೇ ಎಳೆದಿರುತ್ತದೆ.

ಹಲ್ಲುಗಳನ್ನೂ ನೋಡಿ. ಒಂದೇ ಕಡೆಗೆ ಬಾಗಿ ಗರಗಸದ ಹಲ್ಲಿನಂತೆ ಚೂಪಾಗಿದ್ದರೆ ಫ್ರೀವೀಲನ್ನೂ ಚೈನಿನ ಜೊತೆಗೇ ಬದಲಿಸಬೇಕು. ಸವೆದ ಫ್ರೀವೀಲಿನ ಮೇಲೆ ಹೊಸ ಚೈನ್ ಕೂರುವುದಿಲ್ಲ, ಜೋರಾಗಿ ತುಳಿದಾಗ ಹಾರುತ್ತದೆ. ಏರಿನಲ್ಲಿ ಎದ್ದು ನಿಂತು ತುಳಿಯುವಾಗ ಹಾಗಾದರೆ ಬೀಳುವುದು ಖಚಿತ.

ಹೊಸ ಚೈನಿಗೆ ಕಾರ್ಖಾನೆಯಲ್ಲೇ ಗ್ರೀಸ್ ತುಂಬಿರುತ್ತಾರೆ. ಒಳಗಿನದನ್ನು ತೊಳೆಯಬೇಡಿ, ಹೊರಗಿನ ಅಂಟನ್ನು ಮಾತ್ರ ಬಟ್ಟೆಯಿಂದ ಒರೆಸಿ ಹಾಕಿ. ಅಂಗಡಿಗೆ ಹೋಗುವಾಗ ಹಳೆಯ ಚೈನನ್ನು ತೆಗೆದುಕೊಂಡು ಹೋಗಿ. ಎರಡನ್ನೂ ಪಕ್ಕದಲ್ಲಿ ತೂಗುಬಿಟ್ಟು ಉದ್ದ ನೋಡಿ ಕತ್ತರಿಸಿದರೆ ಹಳೆಯದು ಸವೆದು ಬೆಳೆದಿರುವುದರಿಂದ ಲೆಕ್ಕ ತಪ್ಪಬಹುದು. ಕೊಂಡಿಗಳನ್ನು ಎಣಿಸಿಯೇ ಹೊಸದನ್ನು ಕತ್ತರಿಸಲು ಹೇಳಿ.